ಫೈಟಿಂಗ್ ಗೇಮ್‌ಗೆ ಕನ್ನಡ ಫಾಂಟ್ ಮಾಡಿದ್ದು, ಜೊತೆಗೆ ಒಬ್ಬ ಪೈಲ್ವಾನನನ್ನೂ

ನಾನು ಫಾಂಟ್ ಮಾಡುವವನು. ಕನ್ನಡ ಅಕ್ಷರ ಬರೆಯುವುದು, ಅದನ್ನು ಕಂಪ್ಯೂಟರ್‌ಗೆ ಒಗ್ಗಿಸುವುದು ನನ್ನ ಹೊಟ್ಟೆಪಾಡು. ಕೆಲವು ವರ್ಷಗಳ ಹಿಂದೆ ಬೆಂಗಳೂರಿನ ಒಂದು ಪುಟ್ಟ ತಂಡ ಫೈಟಿಂಗ್ ಗೇಮ್ ಮಾಡಲು ಹೊರಟಿತ್ತು. ಮೊದಲ ಮೆನುವಿನಿಂದ ಹಿಡಿದು ಕೊನೆಯ 'ಗೆದ್ದೆ' ತನಕ ಎಲ್ಲವೂ ಕನ್ನಡದಲ್ಲೇ ಇರಬೇಕು ಅನ್ನುವುದು ಅವರ ಹಟ. ಫಾಂಟ್ ಕೇಳಿಕೊಂಡು ಬಂದರು. ಮಾತು ಬೆಳೆಯುತ್ತಾ, ಮೈಸೂರಿನ ಪೈಲ್ವಾನನ ಪಾತ್ರಕ್ಕೆ ಹಿನ್ನೆಲೆ ಬರೆಯುವ ಕೆಲಸವೂ ನನಗೇ ಬಂತು.

ಈ ಕೆಲಸಕ್ಕೆ ನಾನು ಬಂದದ್ದು ಬೋರ್ಡ್ ಬರೆಯುವವರ ದಾರಿಯಿಂದ. ಶಿವಮೊಗ್ಗದಲ್ಲಿ ಅಂಗಡಿ ಬೋರ್ಡು, ಲಾರಿ ಹಿಂಬದಿ, ನಾಟಕದ ಪರದೆ ಬರೆಯುತ್ತಿದ್ದ ಒಬ್ಬರ ಹತ್ತಿರ ಬ್ರಷ್ ಹಿಡಿಯಲು ಕಲಿತೆ. ಚಪ್ಪಟೆ ಬ್ರಷ್ ಒತ್ತಿದ ಕಡೆ ಗೆರೆ ದಪ್ಪ ಬರುತ್ತದೆ, ಎತ್ತುವಾಗ ಸಣ್ಣಗಾಗುತ್ತದೆ. ತಲಕಟ್ಟನ್ನು ಒಂದೇ ಉಸಿರಿಗೆ ಎಳೆಯಬೇಕು, ನಡುವೆ ನಿಂತರೆ ಗಂಟು ಕಾಣುತ್ತದೆ. ಆಮೇಲೆ ಫ್ಲೆಕ್ಸ್ ಬಂತು. ಬ್ರಷ್ಷಿನ ಕೆಲಸ ಕಮ್ಮಿಯಾಯಿತು. ನಾನು ಕಂಪ್ಯೂಟರಿನಲ್ಲಿ ಪುಟ ಜೋಡಿಸುವ ಡಿಟಿಪಿ ಅಂಗಡಿಗೆ ಸೇರಿದೆ.

ಅಲ್ಲಿ ನುಡಿ, ಬರಹ ತಂತ್ರಾಂಶಗಳ ಕಾಲದ ಫಾಂಟುಗಳು. ಅವುಗಳಲ್ಲಿ ಅಕ್ಷರವನ್ನು ತುಂಡು ತುಂಡಾಗಿ ಇಟ್ಟು, ಪರದೆಯ ಮೇಲೆ ಪಕ್ಕಪಕ್ಕಕ್ಕೆ ಜೋಡಿಸುತ್ತಿದ್ದರು. ಒಂದು ತಂತ್ರಾಂಶದಲ್ಲಿ ಟೈಪ್ ಮಾಡಿದ್ದನ್ನು ಇನ್ನೊಂದರಲ್ಲಿ ತೆರೆದರೆ ಬರೀ ಗೋಜಲು. ಎಲ್ಲ ಲಿಪಿಗಳ ಅಕ್ಷರಕ್ಕೂ ಒಂದೊಂದು ಸಂಖ್ಯೆ ಕೊಡುವ ಯೂನಿಕೋಡ್‌ನಲ್ಲಿ ಹಾಗಲ್ಲ. ಕಡತದಲ್ಲಿ ಉಳಿಯುವುದು ವ್ಯಂಜನ, ಹಲಂತ, ಸ್ವರಗಳ ಸಾಲು ಮಾತ್ರ. ಅದಕ್ಕೆ ಒತ್ತು ಎಲ್ಲಿ, ಗುಡಿಸು (ಇಕಾರದ ಗುರುತು) ಎಲ್ಲಿ ಅನ್ನುವುದನ್ನು ಫಾಂಟಿನ ಒಳಗೆ ಬರೆದ ನಿಯಮಗಳು ಹೇಳುತ್ತವೆ. ಈ ಸಂಗತಿ ತಿಳಿದ ಮೇಲೆ ಫಾಂಟ್ ಅಂದರೆ ಬರೀ ಚಿತ್ರಗಳ ಕಟ್ಟು ಅಂತ ನನಗೆ ಯಾವತ್ತೂ ಅನ್ನಿಸಿಲ್ಲ.

ವಿಂಡೋಸ್ ಎಕ್ಸ್‌ಪಿ ಜೊತೆ ಬಂದ 'ತುಂಗಾ' ಫಾಂಟನ್ನು ದೊಡ್ಡದಾಗಿ ಪ್ರಿಂಟ್ ತೆಗೆದು ಗೋಡೆಗೆ ಅಂಟಿಸಿಕೊಂಡಿದ್ದೆ. ಅದನ್ನು ಮಾಡಿದವರು ಆರ್. ಕೆ. ಜೋಶಿ. ಮುಂಬೈನ ಐಐಟಿಯಲ್ಲಿ ಕಲಿಸುತ್ತಿದ್ದವರು, ಸುಲಿಪಿಕಾರರು, ಕವಿ. ಕನ್ನಡವೊಂದೇ ಅಲ್ಲ, ಭಾರತದ ಹಲವು ಲಿಪಿಗಳಿಗೆ ಅವರ ಕೈ ತಾಗಿದೆ. ಆಮೇಲೆ ಓಪನ್ ಫಾಂಟ್ ಲೈಸೆನ್ಸ್ ಅಡಿಯಲ್ಲಿ ನೋಟೊ, ಬಾಲೂ ತಮ್ಮ, 'ಅಕಾಯ ಕನಡಕ'ದಂಥ ಫಾಂಟುಗಳು ಬಂದವು. ಇವನ್ನು ಯಾರು ಬೇಕಾದರೂ ಬಿಚ್ಚಿ ನೋಡಬಹುದು. ಫಾಂಟ್ ಮಾಡುವ ತಂತ್ರಾಂಶ ಫಾಂಟ್‌ಫೋರ್ಜ್ ಪುಕ್ಕಟೆ ಸಿಗುತ್ತದೆ. ನನ್ನ ಕಲಿಕೆ ಜಾಸ್ತಿ ನಡೆದದ್ದು ಇವುಗಳಲ್ಲೇ.

ಈಗ ಗೇಮಿನ ವಿಷಯ. ತಂಡದವರು ಪೈಲ್ವಾನನ ದೊಡ್ಡ ಹೊಡೆತಕ್ಕೆ 'ವಜ್ರಮುಷ್ಟಿ' ಅಂತ ಹೆಸರಿಟ್ಟಿದ್ದರು. ನನಗೆ ಅದಕ್ಕಿಂತ ಒಳ್ಳೆಯ ಪರೀಕ್ಷೆ ಬೇಕಿರಲಿಲ್ಲ. 'ಜ್ರ'ದಲ್ಲಿ ರ ಒತ್ತು ಕೆಳಗೆ ಸುತ್ತಿಕೊಳ್ಳುತ್ತದೆ. 'ಮು' ಅಗಲವಾಗಿ ಕಾಲು ಚಾಚುತ್ತದೆ. 'ಷ್ಟಿ'ಯಲ್ಲಿ ಮೇಲೆ ಗುಡಿಸು, ನಡುವೆ ಷ, ಕೆಳಗೆ ಟ ಒತ್ತು. ಪರದೆಯ ಮೇಲೆ ಇಂಗ್ಲಿಷ್ ಹೆಸರಿಗೆ ಅಂತ ಬಿಟ್ಟ ಪಟ್ಟಿಯಲ್ಲಿ ಇದನ್ನು ಹಾಕಿದರೆ ಒತ್ತುಗಳ ಕಾಲು ಕತ್ತರಿಸಿಹೋಗುತ್ತಿತ್ತು. ಅಕ್ಷರ ಚಿಕ್ಕದು ಮಾಡಿದರೆ ಆಟದ ಗಡಿಬಿಡಿಯಲ್ಲಿ ಓದಲು ಆಗುವುದಿಲ್ಲ.

ನಾನು ಮಾಡಿದ್ದು ಇಷ್ಟು. ಒತ್ತುಗಳನ್ನು ಗಿಡ್ಡ ಮಾಡಿ ಅಗಲ ಕೊಟ್ಟೆ. ಮೂಲ ಅಕ್ಷರದ ಹತ್ತಿರಕ್ಕೆ ಏರಿಸಿ, ಗೆರೆಯ ದಪ್ಪವನ್ನು ಕೈಯಾರೆ ಸರಿಮಾಡಿದೆ. ದೊಡ್ಡ ಅಕ್ಷರವನ್ನು ಸುಮ್ನೆ ಕುಗ್ಗಿಸಿದರೆ ಗೆರೆಯೂ ಸಣ್ಣಗಾಗಿ ಒತ್ತು ಬಡಕಲು ಕಾಣುತ್ತದೆ. ಪ್ರತಿ ಒತ್ತನ್ನೂ ಬೇರೆಯಾಗಿ ಬರೆಯದೆ ಬೇರೆ ದಾರಿಯಿಲ್ಲ. ಗುಡಿಸನ್ನೂ ತಗ್ಗಿಸಿದೆ, ಆದರೆ 'ಷಿ'ಗೂ 'ಷೆ'ಗೂ ಗುರುತು ತಪ್ಪದಷ್ಟು. ಇದಾದ ಮೇಲೂ ಪಟ್ಟಿಯನ್ನು ಸ್ವಲ್ಪ ಎತ್ತರ ಮಾಡಿ ಅಂತ ಕೇಳಿದೆ, ಅವರು ಮಾಡಿಕೊಟ್ಟರು. ಕನ್ನಡಕ್ಕೆ ಮೇಲೆ ಕೆಳಗೆ ಜಾಗ ಬೇಕು. ಕೇಳಲು ಸಂಕೋಚ ಪಟ್ಟುಕೊಳ್ಳಬಾರದು.

ಹೊಟ್ಟೆ ಸೀಳಿದ ಅಕ್ಷರಗಳು ಇನ್ನೊಂದು ತಲೆನೋವು. ದ-ಧ, ಬ-ಭ, ಡ-ಢ. ದಪ್ಪ ಫಾಂಟಿನಲ್ಲಿ ಆ ಸೀಳು ಮುಚ್ಚಿಹೋಗುತ್ತದೆ, 'ಧನ' ಹೋಗಿ 'ದನ' ಆಗುತ್ತದೆ. ಸೀಳಿನ ಎರಡೂ ಬದಿಯ ಗೆರೆಯನ್ನು ತೆಳುಮಾಡಿ ಅಲ್ಲಿ ಬೆಳಕು ಬಿಟ್ಟೆ. ದೊಡ್ಡದಾಗಿ ನೋಡಿದರೆ ಆ ಜಾಗ ವಿಚಿತ್ರ ಕಾಣುತ್ತದೆ, ಫೋನಿನಲ್ಲಿ ನೋಡಿದರೆ ಸರಿಯಾಗಿ ಓದಿಸಿಕೊಳ್ಳುತ್ತದೆ. ಫೋನೇ ಮುಖ್ಯ ಅಲ್ವಾ.

ಫಾಂಟ್ ಮುಗಿದರೂ ಪರದೆಯ ಮೇಲೆ 'ವಜ್‌ರಮುಷ್‌ಟಿ' ಅಂತಲೇ ಬರುತ್ತಿತ್ತು. ನನ್ನ ನಿಯಮಗಳೆಲ್ಲ ಫಾಂಟಿನೊಳಗೆ ಸರಿಯಾಗಿದ್ದವು. ಗೇಮನ್ನು ನಡೆಸುವ ತಂತ್ರಾಂಶ, ಅಂದರೆ ಎಂಜಿನ್, ಅವನ್ನು ಓದುತ್ತಲೇ ಇರಲಿಲ್ಲ. ಈ ಓದುವ ಕೆಲಸಕ್ಕೆ ಹಾರ್ಫ್‌ಬಜ್ ಅಂತ ಒಂದು ಮುಕ್ತ ತಂತ್ರಾಂಶ ಇದೆ. ಫೈರ್‌ಫಾಕ್ಸ್, ಕ್ರೋಮ್, ಆಂಡ್ರಾಯ್ಡ್ ಕನ್ನಡ ತೋರಿಸುವುದು ಅದರ ಬಲದಿಂದಲೇ. ತಂಡದ ಪ್ರೋಗ್ರಾಮರ್ ಹುಡುಗಿ ಅದನ್ನು ಎಂಜಿನ್‌ಗೆ ಹೆಣೆದಳು. ಹೆಸರುಗಳನ್ನೆಲ್ಲ ಚಿತ್ರ ಮಾಡಿ ಅಂಟಿಸಿಬಿಡೋಣ ಅನ್ನುವ ಮಾತೂ ಇತ್ತು. ನಾನು ಬೇಡ ಅಂದೆ. ಆಡುವವರು ತಮ್ಮ ಹೆಸರನ್ನು ಕನ್ನಡದಲ್ಲಿ ಟೈಪ್ ಮಾಡಿದರೆ ಅದಕ್ಕೆ ಚಿತ್ರ ಎಲ್ಲಿಂದ ತರುವುದು?

ಇನ್ನು ಪೈಲ್ವಾನ. ಫೈಟಿಂಗ್ ಗೇಮ್ ಅಂದರೆ ನಮ್ಮ ವಯಸ್ಸಿನವರಿಗೆ ಕ್ಯಾಪ್‌ಕಾಮ್‌ನ ಸ್ಟ್ರೀಟ್ ಫೈಟರ್ 2. ಅದು ಬಂದದ್ದು 1991ರಲ್ಲಿ. ಯೂನಿಕೋಡ್‌ನ ಮೊದಲ ಆವೃತ್ತಿ ಕನ್ನಡವನ್ನೂ ಸೇರಿಸಿಕೊಂಡು ಹೊರಬಂದದ್ದೂ ಅದೇ ವರ್ಷ. ಆ ಗೇಮಿನಲ್ಲಿ ಭಾರತದಿಂದ ಇದ್ದವನು ಢಾಲ್ಸಿಮ್. ಕೈಕಾಲು ರಬ್ಬರಿನಂತೆ ಉದ್ದವಾಗುತ್ತವೆ, ಬಾಯಿಂದ ಬೆಂಕಿ ಬರುತ್ತದೆ, ಕೊರಳಲ್ಲಿ ತಲೆಬುರುಡೆಗಳ ಸರ. ಆ ಬುರುಡೆಗಳು ಅವನ ಊರಿನಲ್ಲಿ ರೋಗಕ್ಕೆ ಬಲಿಯಾದ ಮಕ್ಕಳವು ಅನ್ನುವುದು ಅವನ ಕತೆ. ಅವನಿಗೆ ಹೊಡೆದಾಟ ಇಷ್ಟವಿಲ್ಲ. ಬಡ ಊರಿಗೆ ದುಡ್ಡು ಸೇರಿಸಲು ಕಣಕ್ಕಿಳಿಯುತ್ತಾನೆ.

ಹೊರಗಿನ ರೂಪದ ಬಗ್ಗೆ ನನಗೆ ತಕರಾರಿದೆ. ಬುರುಡೆ, ಬೆಂಕಿ, ಯೋಗ ಎಲ್ಲವನ್ನೂ ಒಬ್ಬನ ಮೈಗೆ ಕಟ್ಟಿದ್ದಾರೆ. ಆದರೆ ಒಳಗಿನ ಕಾರಣ ಗಟ್ಟಿಯಾಗಿದೆ. ಹೊಡೆಯಲು ಮನಸ್ಸಿಲ್ಲದವನು ಯಾಕೆ ಹೊಡೆಯುತ್ತಾನೆ ಅನ್ನುವುದು ಒಂದೇ ಸಾಲಿನಲ್ಲಿ ತಿಳಿಯುತ್ತದೆ. ನನ್ನ ಪೈಲ್ವಾನನಿಗೂ ಅಂಥ ಕಾರಣ ಬೇಕು, ರೂಪ ಮಾತ್ರ ನಿಜವಾದ ಜಾಗದಿಂದ ಬರಬೇಕು ಅಂದುಕೊಂಡೆ.

ಮೈಸೂರಿನ ಗರಡಿ ಮನೆಗಳಿಗೆ ಹೋಗಿ ಕೂತೆ. ಮಟ್ಟಿಯ (ಕುಸ್ತಿ ಆಡುವ ಕಣ) ಕೆಂಪು ಮಣ್ಣನ್ನು ಗುದ್ದಲಿಯಿಂದ ಅಗೆದು ಹದ ಮಾಡುವುದು, ದಂಡ, ಬಸ್ಕಿ, ಮರದ ಗದೆಯಂಥ ಕರ್ಲ ತಿರುಗಿಸುವುದು, ಆಮೇಲೆ ಜೋಡಿ, ಅಂದರೆ ಇಬ್ಬರ ಕುಸ್ತಿ. ಬೆನ್ನು ಮಣ್ಣಿಗೆ ತಾಗಿದರೆ ಚಿತ್, ಅಲ್ಲಿಗೆ ಕುಸ್ತಿ ಮುಗಿಯಿತು. ಉಸ್ತಾದರೊಬ್ಬರಿಗೆ ಗೇಮಿನ ಚಿತ್ರ ತೋರಿಸಿದೆ. 'ಇವನ ಕುತ್ತಿಗೆ ಸಣ್ಣ ಆಯ್ತಲ್ಲಪ್ಪಾ, ಪೈಲ್ವಾನ್ರಿಗೆ ಕುತ್ತಿಗೆನೇ ಬಲ' ಅಂದರು. ಚಿತ್ರ ಬರೆಯುವವನು ಆ ದಿನವೇ ಕುತ್ತಿಗೆ ತಿದ್ದಿದ.

ವಜ್ರಮುಷ್ಟಿಯ ವಿಷಯದಲ್ಲಿ ನಾನು ಗಟ್ಟಿಯಾಗಿ ನಿಂತೆ. ಅದು ಗರಡಿಯ ಕುಸ್ತಿಯಲ್ಲ. ವಿಜಯದಶಮಿಯ ದಿನ ಮೈಸೂರು ಅರಮನೆಯಲ್ಲಿ ಜಟ್ಟಿ ಮನೆತನದ ಮಲ್ಲರು ತಲೆ ಬೋಳಿಸಿಕೊಂಡು, ಬೆರಳಿಗೆ ವಜ್ರಮುಷ್ಟಿ ಅನ್ನುವ ಮೊನೆಯುಳ್ಳ ಆಯುಧ ತೊಟ್ಟು ಆಡುವ ಕಾಳಗ. ಒಬ್ಬರಿಗೆ ಮೊದಲ ರಕ್ತ ಬಂದ ಕೂಡಲೇ ನಿಲ್ಲಿಸುತ್ತಾರೆ. ಅದು ಆ ಮನೆತನಗಳ ಸೇವೆ. ಕಂಡಕಂಡವರು ಎತ್ತಿಕೊಂಡು ಹೊಡೆಯುವ ಆಯುಧ ಅಲ್ಲ. ಹಾಗಾಗಿ ಆ ಹೆಸರನ್ನು ಪೈಲ್ವಾನನ ಪೆಟ್ಟಿನಿಂದ ತೆಗೆಸಿ, ಜಟ್ಟಿಯ ಪಾತ್ರ ಬೇರೆಯೇ ಮಾಡಿ ಅಂದೆ. ಮಾಡಿದರು. ಆ ಜಟ್ಟಿಯ ಪಂದ್ಯಕ್ಕೆ ಬೇರೆ ನಿಯಮ: ಮೊದಲ ರಕ್ತಕ್ಕೇ ಮುಗಿಯುತ್ತದೆ.

ಪೈಲ್ವಾನನಿಗೆ ಕೊನೆಗೆ ಬರೆದದ್ದು ಇದು: 'ಮೈಸೂರಿನ ಗರಡಿಯಲ್ಲಿ ಬೆಳೆದವನು. ನಸುಕಿಗೆ ಎದ್ದು ಮಟ್ಟಿ ಅಗೆಯುತ್ತಾನೆ, ಆಮೇಲೆ ಸೈಕಲ್ಲಿನಲ್ಲಿ ಹಾಲು ಹಾಕುತ್ತಾನೆ. ಗರಡಿಯ ಜಾಗ ಮಾರಾಟಕ್ಕೆ ಬಂದಿದೆ. ದಸರಾ ಕುಸ್ತಿಗೆ ಇವನ ಜೋಡಿ ಕಟ್ಟಿದ್ದಾರೆ.' ಇಷ್ಟೇ. ಪಾತ್ರ ಆರಿಸುವ ಪರದೆಯಲ್ಲಿ ಇದಕ್ಕಿಂತ ಜಾಸ್ತಿ ಯಾರೂ ಓದುವುದಿಲ್ಲ. ಮೊದಲ ಕರಡಿನಲ್ಲಿ ಅಪ್ಪನ ಸಾವು, ಸೇಡು ಎಲ್ಲ ಇತ್ತು. ಅದನ್ನು ಕಿತ್ತು ಹಾಲಿನ ಸೈಕಲ್ ಇಟ್ಟೆ. ಗರಡಿಯಲ್ಲಿ ನಾನು ಕಂಡ ಹುಡುಗರು ಸಾಮು ಮುಗಿಸಿ ಕೆಲಸಕ್ಕೆ ಓಡುತ್ತಿದ್ದರು. ಆ ಓಟದಲ್ಲೇ ಅವನು ಯಾರು ಅನ್ನುವುದು ಇದೆ.

ಫಾಂಟ್ ಮಾಡಲು ಶುರು ಮಾಡುವವರು ಅ ಆ ಇ ಈ ಅಂತ ಸಾಲಾಗಿ ಹೊರಡುವುದು ಬೇಡ. ಮೊದಲು ರ, ದ, ಬ, ಮ, ಷ ಬರೆಯಿರಿ. ತಲಕಟ್ಟು, ಹೊಟ್ಟೆ, ಕಾಲು ಎಲ್ಲ ಇವುಗಳಲ್ಲೇ ತೀರ್ಮಾನವಾಗುತ್ತವೆ. ಆಮೇಲೆ ಟ, ತ, ರ ಒತ್ತುಗಳು. ಅಷ್ಟಾದ ಮೇಲೆ 'ವಜ್ರಮುಷ್ಟಿ', 'ರಾಷ್ಟ್ರ', 'ಶಸ್ತ್ರ' ಬರೆದು, ಮಾಮೂಲಿ ಫೋನಿನಲ್ಲಿ ಚಿಕ್ಕ ಗಾತ್ರದಲ್ಲಿ ತೆರೆದು, ಕನ್ನಡಕ ಹಾಕುವ ಯಾರಾದರೂ ಹಿರಿಯರ ಕೈಗೆ ಕೊಡಿ. ಅವರು ಎಲ್ಲಿ ತಡವರಿಸುತ್ತಾರೋ ಆ ಅಕ್ಷರಕ್ಕೆ ವಾಪಸ್ ಹೋಗಿ.