ನೋರ್ಸ್ಟೈನ್ ಅವರ ಚಿತ್ರಗಳನ್ನು ಎಲ್ಲಿಂದ ನೋಡಬೇಕು, ಹೇಗೆ ನೋಡಬೇಕು

ರಷ್ಯಾದ ಅನಿಮೇಶನ್ ನಿರ್ದೇಶಕ ಯೂರಿ ನೋರ್ಸ್ಟೈನ್ ಅವರನ್ನು ಹೊಸದಾಗಿ ನೋಡಲು ಹೊರಟವರಿಗೆ ನನ್ನದೊಂದು ವಿನಂತಿಯಿದೆ: ದಯವಿಟ್ಟು 'ಕಥೆಗಳ ಕಥೆ'ಯಿಂದ ಆರಂಭಿಸಬೇಡಿ. ನಾನು ಹಾಗೆ ಮಾಡಿದೆ. 29 ನಿಮಿಷ ಮುಗಿದಾಗ ಕಣ್ಣು ತುಂಬಿತ್ತು, ಆದರೆ ಕಂಡದ್ದೇನು ಎಂದು ಕೇಳಿದ್ದರೆ ಉತ್ತರವಿರಲಿಲ್ಲ.

ಮೊದಲು 1975ರ 'ಮಂಜಿನಲ್ಲಿ ಮುಳ್ಳುಹಂದಿ' ನೋಡಿ. ಹತ್ತು ನಿಮಿಷ ಸಾಕು. ಗೆಳೆಯ ಕರಡಿಮರಿಯ ಜೊತೆ ನಕ್ಷತ್ರ ಎಣಿಸಲು ರಾಸ್‌ಬೆರಿ ಜಾಮ್ ಗಂಟು ಕಟ್ಟಿಕೊಂಡು ಹೊರಟ ಪುಟ್ಟ ಮುಳ್ಳುಹಂದಿ, ಮಂಜಿನಲ್ಲಿ ನಿಂತ ಬಿಳಿ ಕುದುರೆಯನ್ನು ಕಂಡು, ದಾರಿ ಬಿಟ್ಟು ಮಂಜಿನೊಳಗೆ ಇಳಿಯುತ್ತದೆ. ಕಥೆ ಇಷ್ಟೇ. ಎರಡನೆಯ ಸಲ ಧ್ವನಿ ನಿಲ್ಲಿಸಿ ಮಂಜನ್ನು ಮಾತ್ರ ನೋಡಿ. ಅದು ತೆಳುವಾದ ಟ್ರೇಸಿಂಗ್ ಹಾಳೆ. ಅದನ್ನು ಚಿತ್ರದ ಮೇಲಿಟ್ಟು, ಒಂದೊಂದು ಚೌಕಟ್ಟಿಗೂ ಕೊಂಚ ಕೊಂಚವೇ ಕ್ಯಾಮೆರಾದತ್ತ ಎತ್ತುತ್ತಾ ಹೋಗಿದ್ದಾರೆ. ನೀವೂ ಅಚ್ಚಾದ ಪುಟವೊಂದರ ಮೇಲೆ ಅಂಥ ಹಾಳೆ ಹಾಸಿ, ಮೆಲ್ಲಗೆ ಮೇಲಕ್ಕೆತ್ತಿ. ಅಕ್ಷರಗಳು ಮಸುಕಾಗಿ, ಬಿಳಿಯಲ್ಲಿ ಕರಗಿಹೋಗುತ್ತವೆ. ಇದನ್ನು ಮಾಡಿ ನೋಡಿದ ದಿನ ನನಗೆ ಆ ಚಿತ್ರದ ಮೇಲಿನ ಪ್ರೀತಿ ಇಮ್ಮಡಿಯಾಯಿತು.

ಆಮೇಲೆ ಒಂದು ವರ್ಷ ಹಿಂದಕ್ಕೆ, 'ಬಕ ಮತ್ತು ಕ್ರೌಂಚ'ಕ್ಕೆ ಹೋಗಿ. ಒಂದು ಹಕ್ಕಿ ಮದುವೆಗೆ ಕೇಳಿದಾಗ ಇನ್ನೊಂದು ಒಲ್ಲೆ ಎನ್ನುತ್ತದೆ, ಅದು ಹೊರಟುಹೋದ ಮೇಲೆ ಪಶ್ಚಾತ್ತಾಪಪಡುತ್ತದೆ. ಇಲ್ಲಿ ಮಳೆಯನ್ನೂ ಹುಲ್ಲನ್ನೂ ಗಮನಿಸಿ. 1973ರ 'ನರಿ ಮತ್ತು ಮೊಲ' ಮಕ್ಕಳ ಜೊತೆ ನೋಡಲು ಚೆನ್ನ. 1968ರ ಮೊದಲ ಚಿತ್ರ ಸದ್ಯಕ್ಕೆ ಕಾಯಲಿ.

ಈಗ 1979ರ 'ಕಥೆಗಳ ಕಥೆ'. ನೋಡುವ ಮುನ್ನ ಎರಡು ಸಂಗತಿ ತಿಳಿದಿರಲಿ. ಮಂಚದ ಅಂಚಿನಲ್ಲಿ ಮಲಗಬೇಡ, ಬೂದು ತೋಳದ ಮರಿ ಬಂದು ಕಚ್ಚುತ್ತದೆ ಎಂಬ ಜೋಗುಳ ರಷ್ಯಾದ ಮಕ್ಕಳಿಗೆಲ್ಲ ಗೊತ್ತು. ಚಿತ್ರದ ತೋಳ ಅಲ್ಲಿಂದ ಬಂದದ್ದು. ಇನ್ನೊಂದು, ನೋರ್ಸ್ಟೈನ್ ಹುಟ್ಟಿದ್ದು 1941ರಲ್ಲಿ, ಯುದ್ಧದ ನಡುವೆ. ಬೆಳೆದದ್ದು ಮಾಸ್ಕೋದ ಮಾರ್ಯಿನಾ ರೋಶ್ಚಾದಲ್ಲಿ. ಟ್ಯಾಂಗೋ ನೃತ್ಯದ ದೃಶ್ಯ ಬಂದಾಗ ಕದಲದೆ ಕುಳಿತುಕೊಳ್ಳಿ. ಜೋಡಿಗಳು ಕುಣಿಯುತ್ತಿರುತ್ತವೆ. ಹಾಡು ತಡವರಿಸುತ್ತದೆ, ಒಬ್ಬ ಗಂಡಸು ಮಾಯವಾಗುತ್ತಾನೆ. ಮತ್ತೆ ತಡವರಿಸುತ್ತದೆ, ಮತ್ತೊಬ್ಬ. ಹೆಂಗಸರು ಬರಿದಾದ ತೋಳುಗಳೊಂದಿಗೆ ಉಳಿಯುತ್ತಾರೆ. ಯುದ್ಧದ ಬಗ್ಗೆ ಇಷ್ಟು ಕಡಿಮೆಯಲ್ಲಿ ಇಷ್ಟನ್ನು ಹೇಳಿದ ದೃಶ್ಯವನ್ನು ನಾನು ಬೇರೆಲ್ಲೂ ಕಂಡಿಲ್ಲ.

ಹೆಸರುಗಳ ಪಟ್ಟಿಯನ್ನು ದಾಟಿಸಿಬಿಡಬೇಡಿ. ಕಲಾ ನಿರ್ದೇಶಕಿ ಫ್ರಾಂಚೆಸ್ಕಾ ಯಾರ್ಬುಸೋವಾ, ನೋರ್ಸ್ಟೈನ್ ಅವರ ಪತ್ನಿ. ಮುಳ್ಳುಹಂದಿಯ ರೂಪ ಮೂಡಿದ್ದು ಆಕೆಯ ಕೈಯಲ್ಲಿ.

ಕೊನೆಗೆ 'ಮೇಲಂಗಿ'. ಗೊಗೊಲ್ ಅವರ ಕಥೆಯನ್ನು ಆಧರಿಸಿದ ಈ ಕೆಲಸ 1981ರಲ್ಲಿ ಶುರುವಾಯಿತು. ನಿಧಾನವೆಂಬ ಕಾರಣಕ್ಕೆ ಸೊಯುಜ್‌ಮುಲ್ತ್‌ಫಿಲ್ಮ್ ಸ್ಟುಡಿಯೋ 80ರ ದಶಕದ ನಡುವಿನಲ್ಲಿ ಅವರನ್ನು ಹೊರಗೆ ಹಾಕಿತು. ದಶಕಗಳುದ್ದಕ್ಕೂ ಅವರು ಅದನ್ನು ಕೈಬಿಡಲಿಲ್ಲ. ಪೂರ್ಣಗೊಂಡ ತುಣುಕುಗಳು ಸಿಕ್ಕರೆ ಕಥೆಯನ್ನು ಹುಡುಕುತ್ತಾ ಹೋಗಬೇಡಿ. ಬಡ ಗುಮಾಸ್ತ ಅಕಾಕಿ ಕಾಗದ ನಕಲು ಮಾಡುತ್ತಾ ಕುಳಿತಿರುತ್ತಾನೆ. ಆ ಮುಖದ ಹತ್ತಿರಕ್ಕೆ ಹೋಗಿ, ಅವನು ಒಂದು ಅಕ್ಷರ ಬರೆದು ಮುಗಿಸುವವರೆಗೆ ಅಲ್ಲೇ ಇರಿ.