ಇಳಿತದ ಹೊತ್ತು ನೋಡಿ ಹೊರಡುವ ಕರಾವಳಿ ನಡಿಗೆ

65 ದಾಟಿದ ಮನೆಯ ಹಿರಿಯರನ್ನೂ ಅವರ ಗೆಳೆಯರನ್ನೂ ಕರೆದುಕೊಂಡು ಕುಮಟಾ ಕಡೆಯ ಕಡಲತೀರಕ್ಕೆ ಎರಡು-ಮೂರು ದಿನಗಳ ಮಟ್ಟಿಗೆ ಹೋಗಿಬರುವುದನ್ನು ನಾನು ಚಳಿಗಾಲದ ರೂಢಿಯಾಗಿ ಮಾಡಿಕೊಂಡಿದ್ದೇನೆ. ಈ ಪ್ರವಾಸವನ್ನು ಯೋಜಿಸಲು ಕುಳಿತಾಗ, ಕೋಣೆ ಕಾದಿರಿಸುವುದಕ್ಕೂ ರೈಲಿನ ಟಿಕೆಟ್ ತೆಗೆಯುವುದಕ್ಕೂ ಮೊದಲು ನಾನು ಭರತ-ಇಳಿತದ ಪಟ್ಟಿಯನ್ನು ತೆರೆದು ನೋಡುತ್ತೇನೆ. ಕಡಲಿನ ಸ್ಥಿತಿಗತಿಯ ಮಾಹಿತಿ ಕೊಡುವ ಹೈದರಾಬಾದಿನ ಇನ್‌ಕಾಯ್ಸ್ ಸಂಸ್ಥೆ ಪ್ರಕಟಿಸುವ ಮುನ್ಸೂಚನೆಯಲ್ಲಿ ಕಾರವಾರ ಬಂದರಿನ ಹೊತ್ತುಗಳು ಸಿಗುತ್ತವೆ, ಕುಮಟಾ, ಗೋಕರ್ಣ, ಹೊನ್ನಾವರಗಳಿಗೆ ನಮ್ಮ ಕೆಲಸದ ಮಟ್ಟಿಗೆ ಅಷ್ಟು ಸಾಕು.

ಇದಕ್ಕೆ ಕಾರಣ ಮೊಣಕಾಲು. ಭರತದ ಹೊತ್ತಿನಲ್ಲಿ ಬೀಚಿನಲ್ಲಿ ನಡೆಯಲು ಉಳಿಯುವುದು ಮೇಲ್ಭಾಗದ ಸಡಿಲ ಮರಳು ಮಾತ್ರ. ಅದು ಇಳಿಜಾರಾಗಿಯೂ ಇರುವುದರಿಂದ ಒಂದು ಕಾಲು ಮೇಲೆ, ಒಂದು ಕಾಲು ಕೆಳಗೆ ಎಂಬಂತೆ ನಡೆಯಬೇಕಾಗುತ್ತದೆ, ಪಾದ ಹೂತು ಹೂತು ಅರ್ಧ ಕಿಲೋಮೀಟರಿಗೇ ಸೊಂಟ ಹಿಡಿದುಕೊಳ್ಳುತ್ತದೆ. ಇಳಿತದ ಹೊತ್ತಿನಲ್ಲಾದರೆ ನೀರು ಹಿಂದೆ ಸರಿದ ಜಾಗದಲ್ಲಿ ಒದ್ದೆಯಾದ, ಬಿಗಿಯಾದ, ಬಹುತೇಕ ಸಮತಟ್ಟಾದ ಮರಳು ಅಂಗಳದಂತೆ ತೆರೆದುಕೊಳ್ಳುತ್ತದೆ. ಕೋಲು ಹಿಡಿದು ನಡೆಯುವವರೂ ಅಲ್ಲಿ ಆತಂಕವಿಲ್ಲದೆ ಎರಡು ಕಿಲೋಮೀಟರ್ ನಡೆಯುವುದನ್ನು ನಾನು ಕಂಡಿದ್ದೇನೆ. ಇಳಿತದ ಹೊತ್ತು ದಿನಕ್ಕೆ ಸುಮಾರು 50 ನಿಮಿಷ ಮುಂದಕ್ಕೆ ಹೋಗುವುದರಿಂದ, ಬೆಳಗಿನ ಇಳಿತ ಎಂಟು ಗಂಟೆಯ ಆಸುಪಾಸಿಗೆ ಬೀಳುವ ದಿನಗಳನ್ನು ಹುಡುಕಿ ಅವಕ್ಕೆ ಸರಿಯಾಗಿ ಪ್ರವಾಸವನ್ನು ಗೊತ್ತುಮಾಡುತ್ತೇನೆ. ತಿಥಿ ಒಂದೇ ಆದರೆ ಇಳಿತದ ಹೊತ್ತೂ ಹೆಚ್ಚುಕಡಿಮೆ ಒಂದೇ ಆಗಿರುತ್ತದೆ. ಒಂದು ಸಲ ಗುರುತು ಹಾಕಿಕೊಂಡರೆ ಮುಂದಿನ ತಿಂಗಳಿನ ಅಂದಾಜನ್ನು ಗೋಡೆಯ ಕ್ಯಾಲೆಂಡರಿನಲ್ಲಿಯೇ ಮಾಡಬಹುದು. ಮೀನುಗಾರರ ಮನೆಗಳಲ್ಲಿ ಲೆಕ್ಕ ಹಾಕುವುದೂ ಹೀಗೆಯೇ. ಅಷ್ಟಮಿಯ ಆಸುಪಾಸಿನಲ್ಲಿ ನೀರಿನ ಏರಿಳಿತವೇ ಕಡಿಮೆ ಇರುವುದರಿಂದ ತೆರೆದುಕೊಳ್ಳುವ ಜಾಗವೂ ಕಿರಿದಾಗಿರುತ್ತದೆ ಎಂಬುದನ್ನು ಮಾತ್ರ ನೆನಪಿಡಬೇಕು.

ತಿಂಗಳುಗಳ ಮಟ್ಟಿಗೆ ಹೇಳುವುದಾದರೆ ನವೆಂಬರಿನಿಂದ ಫೆಬ್ರುವರಿಯವರೆಗೆ ಸೂಕ್ತ. ಡಿಸೆಂಬರಿನ ಕೊನೆಯ ವಾರವನ್ನೂ ಗೋಕರ್ಣದಲ್ಲಿ ರಥೋತ್ಸವ ನಡೆಯುವ ಶಿವರಾತ್ರಿಯ ದಿನಗಳನ್ನೂ ನಾನು ಬಿಡುತ್ತೇನೆ, ಜನಸಂದಣಿಯಲ್ಲಿ ನಿಧಾನ ನಡಿಗೆ ಸಾಧ್ಯವಾಗುವುದಿಲ್ಲ. ಬೆಂಗಳೂರಿನಿಂದ ಸಂಜೆ ಹೊರಡುವ ಪಂಚಗಂಗಾ ಎಕ್ಸ್‌ಪ್ರೆಸ್ ಮರುದಿನ ಬೆಳಿಗ್ಗೆ ಕುಮಟಾದಲ್ಲಿ ಇಳಿಸುತ್ತದೆ. ಕೆಳಗಿನ ಬರ್ತ್ ಸಿಗುವಷ್ಟು ಮುಂಚಿತವಾಗಿ ಟಿಕೆಟ್ ತೆಗೆದರೆ ಪ್ರಯಾಣದ ಆಯಾಸ ಅರ್ಧ ಕಡಿಮೆಯಾಗುತ್ತದೆ. ಕುಮಟಾದಲ್ಲಿಯೇ ಉಳಿದುಕೊಳ್ಳುವುದು ನನ್ನ ಆಯ್ಕೆ, ಏಕೆಂದರೆ ದಕ್ಷಿಣಕ್ಕೆ ಹೊನ್ನಾವರ, ಉತ್ತರಕ್ಕೆ ಮಿರ್ಜಾನ್ ಮತ್ತು ಗೋಕರ್ಣ ಎಲ್ಲವೂ ರಾಷ್ಟ್ರೀಯ ಹೆದ್ದಾರಿ 66ರ ಎರಡೂ ದಿಕ್ಕಿನಲ್ಲಿ ಹತ್ತಿರದಲ್ಲಿವೆ, ಸಾಮಾನು ಕಟ್ಟಿ ಬಿಚ್ಚುವ ಕೆಲಸ ಇರುವುದಿಲ್ಲ. ನೆಲಮಹಡಿಯ ಕೋಣೆ, ಸ್ನಾನದ ಮನೆಯಲ್ಲಿ ಹಿಡಿದುಕೊಳ್ಳಲು ಕಂಬಿ, ಬೆಳಿಗ್ಗೆ ಆರಕ್ಕೇ ಚಹಾ ಅಥವಾ ಕಷಾಯ, ಈ ಮೂರನ್ನು ಫೋನಿನಲ್ಲಿಯೇ ಕೇಳಿ ಖಚಿತಪಡಿಸಿಕೊಳ್ಳುತ್ತೇನೆ.

ಬಂದಿಳಿದ ದಿನ ವಿಶ್ರಾಂತಿಯಾದ ಮೇಲೆ ಸಂಜೆ ಹೊನ್ನಾವರದ ಕಡೆಗೆ ಹೋಗುತ್ತೇವೆ. ಅಲ್ಲಿಯ ಕಾಸರಕೋಡ ಬೀಚಿಗೆ 2020ರಲ್ಲಿ, ಸ್ವಚ್ಛ ಮತ್ತು ಸುರಕ್ಷಿತ ಬೀಚುಗಳಿಗೆ ಕೊಡುವ ಅಂತರರಾಷ್ಟ್ರೀಯ ಬ್ಲೂ ಫ್ಲ್ಯಾಗ್ ಮಾನ್ಯತೆ ದೊರೆಯಿತು. ಈ ಮಾನ್ಯತೆಗೆ ಶೌಚಾಲಯ, ಜೀವರಕ್ಷಕರು, ನಡೆಯಲಾರದವರಿಗೂ ಅನುಕೂಲವಾದ ದಾರಿ ಇವೆಲ್ಲ ಇರಬೇಕಾದ್ದರಿಂದ ಹಿರಿಯರ ಮೊದಲ ನಡಿಗೆಗೆ ಇದು ನಿಶ್ಚಿಂತೆಯ ಜಾಗ. ಸಮೀಪದಲ್ಲಿಯೇ ಶರಾವತಿಯ ಕಾಂಡ್ಲಾ (ಮ್ಯಾಂಗ್ರೋವ್) ಕಾಡಿನೊಳಗೆ ಹಲಗೆ ಹಾಸಿದ ಕಾಲುದಾರಿಯೂ ಇದೆ. ಕಾಂಡ್ಲಾ ಗಿಡದ ಬೀಜ ತಾಯಿಗಿಡದ ಮೇಲೆಯೇ ಮೊಳೆತು, ನುಗ್ಗೆಕಾಯಿಯಂತೆ ಉದ್ದವಾಗಿ ತೂಗಾಡುತ್ತಿರುತ್ತದೆ. ನೀರಿಗೆ ಬಿದ್ದಿದ್ದ ಒಂದನ್ನು ನಮ್ಮ ಜೊತೆಗಿದ್ದ ಮಾರ್ಗದರ್ಶಿ ಎತ್ತಿ ಒಬ್ಬೊಬ್ಬರ ಕೈಗೂ ಕೊಟ್ಟು, ಚೂಪಾದ ಕೆಳತುದಿಯನ್ನೂ ಎಲೆಯೊಡೆಯಲಿರುವ ಮೇಲ್ತುದಿಯನ್ನೂ ಮುಟ್ಟಿಸಿ ತೋರಿಸಿದಾಗ, ತೋಟಗಾರಿಕೆಯಲ್ಲಿ ಆಸಕ್ತಿಯುಳ್ಳ ಹಿರಿಯರು ಅಲ್ಲಿಂದ ಕದಲಲೇ ಇಲ್ಲ. ನಡಿಗೆಯ ವೇಗವನ್ನು ಇಂಥ ನಿಲುಗಡೆಗಳೇ ನಿರ್ಧರಿಸಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ. ಒಂದು ಗಂಟೆಗೆ ಒಂದೂವರೆ ಕಿಲೋಮೀಟರಿಗಿಂತ ಹೆಚ್ಚು ನಡೆಸುವ ಯೋಜನೆಯನ್ನು ನಾನು ಒಪ್ಪುವುದಿಲ್ಲ.

ಇಡೀ ಪ್ರವಾಸದ ಮುಖ್ಯ ನಡಿಗೆಯನ್ನು ಮರುದಿನದ ಬೆಳಗಿಗೆ, ಅಘನಾಶಿನಿಯ ಅಳಿವೆಗೆ ಮೀಸಲಿಡುತ್ತೇನೆ. ಅಣೆಕಟ್ಟಿನ ಅಡ್ಡಿಯಿಲ್ಲದೆ ಕಡಲು ಸೇರುವ ಈ ನದಿಯ ಅಳಿವೆಗೆ 2024ರಲ್ಲಿ, ಅಂತರರಾಷ್ಟ್ರೀಯ ಮಹತ್ವದ ಜೌಗುಪ್ರದೇಶಗಳಿಗೆ ಕೊಡುವ ರಾಮ್ಸಾರ್ ತಾಣದ ಮನ್ನಣೆ ದೊರೆಯಿತು. ಇಲ್ಲಿಗೆ ಮಾರ್ಗದರ್ಶಿಯನ್ನು ಆರಿಸುವಾಗ ಪ್ರವಾಸದ ವಿವರಗಳನ್ನು ಬಾಯಿಪಾಠ ಮಾಡಿದವರಿಗಿಂತ ಆ ನೀರಿನಲ್ಲಿಯೇ ದುಡಿದು ಉಣ್ಣುವವರನ್ನು ಹುಡುಕುತ್ತೇನೆ. ಉಳಿದುಕೊಂಡ ಮನೆಯವರನ್ನು ಕೇಳಿದರೆ ಊರಿನ ಯಾರಾದರೊಬ್ಬರನ್ನು ತೋರಿಸುತ್ತಾರೆ. ನಮಗೆ ಸಿಕ್ಕಿದವರು ಇಳಿತದ ಹೊತ್ತಿನಲ್ಲಿ ಬಳಚು ಎಂಬ ಚಿಪ್ಪುಜೀವಿಯನ್ನು ಹೆಕ್ಕುವ ಹೆಂಗಸು. ಎಲ್ಲಿ ಮರಳು ಗಟ್ಟಿ, ಎಲ್ಲಿ ಕೆಸರು ಮೊಣಕಾಲಿನವರೆಗೆ ಎಳೆದುಕೊಳ್ಳುತ್ತದೆ ಎಂಬುದು ಅವರ ಪಾದಕ್ಕೇ ಗೊತ್ತು. ಗಜನಿ ಗದ್ದೆಯ ಅಂಚಿನಲ್ಲಿ ನಿಂತು, ಉಪ್ಪುನೀರನ್ನು ತಡೆದುಕೊಳ್ಳುವ ಕಗ್ಗ ಭತ್ತವನ್ನು ಮಳೆಗಾಲದಲ್ಲಿ ಬೆಳೆದು, ಕೊಯ್ಲಾದ ಮೇಲೆ ಅದೇ ಗದ್ದೆಗೆ ಭರತದ ನೀರು ಬಿಟ್ಟು ಸಿಗಡಿ, ಮೀನು ಹಿಡಿಯುವ ಕ್ರಮವನ್ನು ಅವರು ವಿವರಿಸಿದ್ದು ಹಳ್ಳಿಯಲ್ಲಿ ಬೆಳೆದ ನಮ್ಮ ಹಿರಿಯರಿಗೆ ಬೇರೆ ಯಾವ ವಿವರಣೆಗಿಂತಲೂ ಚೆನ್ನಾಗಿ ಮನದಟ್ಟಾಯಿತು. ಹಿರಿಯರು ಇನ್ನೂ ಪ್ರಶ್ನೆ ಕೇಳುತ್ತಿರುವಾಗಲೇ ಆ ಹೆಂಗಸು ನೀರಿನ ಕಡೆಗೊಮ್ಮೆ ನೋಡಿ, “ಅಮ್ಮಾ, ನೀರು ತಿರುಗ್ತು, ಇನ್ನು ಹೊರಡ್ವಾ” ಎಂದರು. ನನ್ನ ಕಣ್ಣಿಗೆ ಆಗಿನ್ನೂ ಏನೂ ಬದಲಾದಂತೆ ಕಂಡಿರಲಿಲ್ಲ, ಸ್ವಲ್ಪ ಹೊತ್ತಿನಲ್ಲಿ ನಾವು ನಿಂತಿದ್ದ ಜಾಗದ ಸುತ್ತಲಿನ ಸಣ್ಣ ಕಾಲುವೆಗಳು ತುಂಬತೊಡಗಿದವು. ಅಂಥವರು ಹೊರಡು ಎಂದಾಗ ಹೊರಡಬೇಕು ಎಂದು ಗುಂಪಿನ ಎಲ್ಲರಿಗೂ ಹಿಂದಿನ ರಾತ್ರಿಯೇ ಹೇಳಿರುತ್ತೇನೆ.

ಮಾರ್ಗದರ್ಶಿಯೊಂದಿಗೆ ನಾನು ಮುಂಚಿತವಾಗಿ ಮಾತನಾಡಿಕೊಳ್ಳುವ ವಿಷಯಗಳು ಹೆಚ್ಚೇನಿಲ್ಲ: ಬರುವವರ ವಯಸ್ಸು, ಯಾರಿಗೆ ಮೊಣಕಾಲಿನ ತೊಂದರೆ, ಯಾರಿಗೆ ಸಕ್ಕರೆ ಕಾಯಿಲೆ, ದಾರಿಯಲ್ಲಿ ಕೂರಲು ನೆರಳು ಎಲ್ಲಿದೆ, ಹತ್ತಿರದ ಶೌಚಾಲಯ ಎಲ್ಲಿದೆ. ಅವರ ಅರ್ಧ ದಿನದ ದುಡಿಮೆ ನಮಗಾಗಿ ನಿಲ್ಲುವುದರಿಂದ ಅದಕ್ಕೆ ಕಡಿಮೆಯಾಗದ ಮೊತ್ತವನ್ನು ಮೊದಲೇ ಗೊತ್ತುಮಾಡಿ, ಯಾರಿಗಾದರೂ ಆಯಾಸವಾಗಿ ನಡಿಗೆ ಬೇಗ ಮುಗಿದರೂ ಪೂರ್ತಿಯಾಗಿ ಕೊಡುತ್ತೇನೆ. ಎಂಟು ಜನರಿಗಿಂತ ಹೆಚ್ಚಾದರೆ ಹಿಂದಿನವರಿಗೆ ಮಾತು ಕೇಳಿಸುವುದಿಲ್ಲ, ಆಗ ಇನ್ನೊಬ್ಬರನ್ನು ಜೊತೆಗೆ ಕರೆಯುವುದು ಒಳ್ಳೆಯದು.

ಮಧ್ಯಾಹ್ನ ಊಟ ಮತ್ತು ನಿದ್ದೆಯ ಹೊರತು ಬೇರೇನನ್ನೂ ಇಟ್ಟುಕೊಳ್ಳುವುದಿಲ್ಲ. ಅಪ್ಪೆಹುಳಿ, ತಂಬುಳಿ ಇರುವ ಊಟ ಬಿಸಿಲಿಗೆ ಹಿತವೂ ಹೌದು. ಔಷಧಿಗಳನ್ನು ಎರಡು ದಿನಕ್ಕೆ ಹೆಚ್ಚಾಗುವಷ್ಟು ತರಲು ಎಲ್ಲರಿಗೂ ಹೇಳುತ್ತೇನೆ. ತಾಲ್ಲೂಕು ಆಸ್ಪತ್ರೆಗಳು ಕುಮಟಾದಲ್ಲಿಯೂ ಹೊನ್ನಾವರದಲ್ಲಿಯೂ ಇವೆ, ಆದರೆ ದೊಡ್ಡ ಚಿಕಿತ್ಸೆ ಬೇಕಾದರೆ ಮಣಿಪಾಲದವರೆಗೆ ಹೋಗಬೇಕಾಗುತ್ತದೆ. ಹೃದಯದ ತೊಂದರೆ ಇರುವವರು ಹೊರಡುವ ಮೊದಲು ವೈದ್ಯರನ್ನು ಕೇಳಿಯೇ ಬರಬೇಕು.

ಗೋಕರ್ಣದಲ್ಲಿ ಕುಡ್ಲೆ, ಓಂ, ಹಾಫ್ ಮೂನ್, ಪ್ಯಾರಡೈಸ್ ಬೀಚುಗಳನ್ನು ಗುಡ್ಡದ ದಾರಿಯಲ್ಲಿ ಜೋಡಿಸಿ ನಡೆಯುವುದನ್ನು ಎಲ್ಲರೂ ಹೊಗಳುತ್ತಾರೆ. ಆ ದಾರಿ ಚೆಲುವಾದದ್ದೇ, ಆದರೆ ಬಂಡೆ, ಸಡಿಲ ಕಲ್ಲು, ಇಳಿಜಾರುಗಳಿಂದ ತುಂಬಿರುವುದರಿಂದ ಹಿರಿಯರಿಗೆ ನಾನು ಅದನ್ನು ಸೂಚಿಸುವುದಿಲ್ಲ. ಅದರ ಬದಲು ಸಂಜೆ ಮಹಾಬಲೇಶ್ವರ ದೇವಸ್ಥಾನದ ದರ್ಶನ ಮುಗಿಸಿ, ಕೋಟಿತೀರ್ಥದ ಸುತ್ತ ನಿಧಾನವಾಗಿ ಬಂದು, ಮುಖ್ಯ ಬೀಚಿನಲ್ಲಿ ಕುಳಿತುಕೊಳ್ಳುತ್ತೇವೆ. ಬಿಸಿಲು ಬಲಿತ ತಿಂಗಳುಗಳಲ್ಲಿ ಬಂದವರು ಹತ್ತಿರದ ಸಾಣಿಕಟ್ಟೆಯಲ್ಲಿ ಉಪ್ಪಿನ ಆಗರಗಳನ್ನೂ ನೋಡಬಹುದು.

ಹಿಂದಿರುಗುವ ದಿನಕ್ಕೆ ಮಿರ್ಜಾನ್ ಕೋಟೆಯೊಂದನ್ನೇ ಇಟ್ಟುಕೊಳ್ಳುತ್ತೇನೆ. 16ನೇ ಶತಮಾನದಲ್ಲಿ ಗೇರುಸೊಪ್ಪೆಯ ರಾಣಿ ಚೆನ್ನಭೈರಾದೇವಿಯ ಆಳ್ವಿಕೆಯೊಂದಿಗೆ ಹೆಸರು ಬೆಸೆದುಕೊಂಡಿರುವ, ಕಾಳುಮೆಣಸಿನ ವ್ಯಾಪಾರಕ್ಕೆ ಕಾವಲಾಗಿದ್ದ ಈ ಕೋಟೆ ಕೆಂಪು ಜಂಬಿಟ್ಟಿಗೆಯದು. ಬಾಗಿಲಿನ ಬಳಿಯ ಮೆಟ್ಟಿಲುಗಳನ್ನು ಕೈಹಿಡಿದು ಹತ್ತಿಸಿದರೆ ಒಳಗೆಲ್ಲ ಹುಲ್ಲುಹಾಸಿನ ಸಮತಟ್ಟಾದ ನೆಲ. ಬೆಳಿಗ್ಗೆ ಒಂಬತ್ತರೊಳಗೆ ಅದನ್ನು ಮುಗಿಸಿದರೆ ಕಲ್ಲು ಕಾಯುವ ಮೊದಲೇ ಕೋಣೆಗೆ ಮರಳಿ, ಒದ್ದೆ ಚಪ್ಪಲಿಗಳನ್ನು ಬಿಸಿಲಿಗಿಟ್ಟು, ಸಂಜೆಯ ರೈಲಿನವರೆಗೆ ಎಲ್ಲರೂ ಕಾಲು ಚಾಚಿ ಮಲಗಲು ಸಮಯ ಉಳಿಯುತ್ತದೆ. ಅದಕ್ಕಾಗಿ ಕೋಣೆಗೆ ಅರ್ಧ ದಿನದ ಬಾಡಿಗೆಯನ್ನು ಹೆಚ್ಚಾಗಿ ಕೊಡಬೇಕಾಗಿ ಬಂದರೂ ಕೊಡುತ್ತೇನೆ.