ಊಟಿಯ ಸಲಿವನ್: ಊರು ಕಟ್ಟಿದವನ ಬದುಕು ಬರೆಯುವ ಕ್ರಮ

ಊಟಿಯನ್ನು ಕಟ್ಟಿದ ಬ್ರಿಟಿಷ್ ಅಧಿಕಾರಿ ಜಾನ್ ಸಲಿವನ್ 1815ರಿಂದ 1830ರವರೆಗೆ ಕೊಯಮತ್ತೂರಿನ ಕಲೆಕ್ಟರ್. ಆಗ ಸತ್ಯಮಂಗಲವೂ ಕೊಳ್ಳೇಗಾಲವೂ ಅದೇ ಜಿಲ್ಲೆಗೆ ಸೇರಿದ್ದವು. ಹಾಗಾಗಿ ತಾಳವಾಡಿ, ಸತ್ಯಮಂಗಲ, ನೀಲಗಿರಿ ಕಡೆಯ ಕನ್ನಡಿಗರಿಗೆ ಅವನ ಕಥೆ ದೂರದ್ದಲ್ಲ. ಆ ಕಥೆಯನ್ನು ಶಾಲೆಯ ಮಕ್ಕಳ ಕೈಯಲ್ಲಿ ಬರೆಸಿದರೂ ಸರಿ, ನೀವೇ ಬರೆದರೂ ಸರಿ, ಶುರು ಮಾತ್ರ ಅವನಿಂದ ಆಗಬಾರದು.

ಮೊದಲು ಬೆಟ್ಟವನ್ನು ಬರೆಯಿರಿ. ತೋಡರ ಮಂದು (ಅವರ ಊರಿಗೆ ಆ ಹೆಸರು), ಬಡಗರ ಹಟ್ಟಿ, ಕೋತರ ಊರು, ಇರುಳರು, ಕುರುಂಬರು ಎಲ್ಲ ಅಲ್ಲಿದ್ದರು. 1603ರಲ್ಲೇ ಫೆನಿಸಿಯೋ ಎಂಬ ಪಾದ್ರಿ ಮಲಬಾರಿನ ಕಡೆಯಿಂದ ಬೆಟ್ಟ ಹತ್ತಿದ್ದ. 1818ರಲ್ಲಿ ಸಲಿವನ್ನನ ಕೈಕೆಳಗಿನ ವಿಷ್ ಮತ್ತು ಕಿಂಡರ್ಸ್ಲಿ ಹೋಗಿಬಂದರು. ಸಲಿವನ್ ಹತ್ತಿದ್ದು 1819ರ ಜನವರಿಯಲ್ಲಿ, ಕೋತಗಿರಿ ಹತ್ತಿರದ ದಿಂಬಟ್ಟಿಗೆ. ಇಷ್ಟನ್ನು ಮೊದಲ ಪುಟದಲ್ಲಿ ಹೇಳಿಬಿಟ್ಟರೆ ‘ಸಲಿವನ್ ನೀಲಗಿರಿಯನ್ನು ಕಂಡುಹಿಡಿದ’ ಎಂಬ ವಾಕ್ಯಕ್ಕೆ ಜಾಗವೇ ಉಳಿಯುವುದಿಲ್ಲ.

ಆಮೇಲೆ ಇಸವಿ ಪಟ್ಟಿ. ಉದ್ದ ನೋಟ್‌ಬುಕ್ಕಿನಲ್ಲಿ ನಾಲ್ಕು ಕಾಲಂ ಎಳೆಯಿರಿ: ಇಸವಿ, ಅವನ ವಯಸ್ಸು, ಅವನು ಮಾಡಿದ್ದು, ಅದೇ ಹೊತ್ತಿಗೆ ಬೆಟ್ಟದ ಜನಕ್ಕೆ ಆದದ್ದು. ವಯಸ್ಸಿನ ಕಾಲಂ ಬಿಡಬೇಡಿ, ತಪ್ಪು ಸಿಕ್ಕಿಬೀಳುವುದು ಅಲ್ಲೇ. ಹುಟ್ಟಿದ್ದು 1788ರ ಜೂನ್ 15, ಹಾಗಾದರೆ ದಿಂಬಟ್ಟಿಗೆ ಬಂದಾಗ 30, 31 ಅಲ್ಲ. 1822ರಲ್ಲಿ ಊಟಿಯಲ್ಲಿ ಅವನ ಕಲ್ಲುಬಂಗಲೆ, 1823ರಿಂದ 1825ರವರೆಗೆ ಅವನು ಕಟ್ಟಿಸಿದ ಕೆರೆ, 1855ರ ಜನವರಿಯಲ್ಲಿ ಇಂಗ್ಲೆಂಡಿನಲ್ಲಿ ಸಾವು. ನಾಲ್ಕನೆಯ ಕಾಲಂ ಖಾಲಿ ಬಿದ್ದಿದ್ದರೆ ಬರೆಯುವ ಹೊತ್ತು ಇನ್ನೂ ಬಂದಿಲ್ಲ.

ಕಂದಾಯದ ಕಾಗದಗಳಲ್ಲಿ ಇಸವಿಯ ಬದಲು ಫಸಲಿ, ಅಂದರೆ ಕಂದಾಯದ ಲೆಕ್ಕದ ವರ್ಷ ಇರುತ್ತದೆ. ಅದು ಜುಲೈಯಿಂದ ಜುಲೈಗೆ. ಇಸವಿ ಸಿಗಬೇಕಾದರೆ ಫಸಲಿ ವರ್ಷದ ಮೊದಲರ್ಧಕ್ಕೆ 590, ಜನವರಿಯಿಂದಾಚೆಗೆ 591 ಕೂಡಿಸಬೇಕು. 1819ರ ಜನವರಿ ಬರುವುದು ಫಸಲಿ 1228ರಲ್ಲಿ. ಎಲ್ಲದಕ್ಕೂ 590 ಕೂಡಿಸಿದರೆ ಒಂದು ವರ್ಷ ಹಿಂದಕ್ಕೆ ಹೋಗುತ್ತದೆ.

ಹೆಸರಿನ ವಿಷಯದಲ್ಲೂ ಎಚ್ಚರ ಬೇಕು. ತಂಜಾವೂರಿನಲ್ಲಿ ರೆಸಿಡೆಂಟ್ (ಕಂಪನಿಯ ಪ್ರತಿನಿಧಿ) ಆಗಿದ್ದ ಇನ್ನೊಬ್ಬ ಜಾನ್ ಸಲಿವನ್ ಇದ್ದ, ವಯಸ್ಸಿನಲ್ಲಿ ಸುಮಾರು 40 ವರ್ಷ ಹಿರಿಯ. ಇಂಗ್ಲಿಷಿನಲ್ಲಿ ಅವನ ಹೆಸರಿಗೆ ಒಂದೇ ‘ಎಲ್’, ನಮ್ಮವನಿಗೆ ಎರಡು. ಕನ್ನಡದಲ್ಲಿ ಬರೆದುಕೊಂಡರೆ ಇಬ್ಬರೂ ಒಬ್ಬನೇ ಆಗಿಬಿಡುತ್ತಾರೆ. ಅದಕ್ಕೇ ಮೂಲದ ಅಕ್ಷರಗಳನ್ನು ಹಾಗೇ ಚೀಟಿಯಲ್ಲಿ ಇಳಿಸಿ. ಒಂದು ಚೀಟಿಗೆ ಒಂದೇ ಸಂಗತಿ, ಕೆಳಗೆ ಯಾರು ಹೇಳಿದ್ದು, ಯಾವಾಗ ಹೇಳಿದ್ದು. 1880ರ ಜಿಲ್ಲಾ ಮ್ಯಾನ್ಯುಅಲ್ಲೂ 1908ರ ಗೆಜೆಟಿಯರೂ ಹೊರಬಂದದ್ದು ಅವನು ಸತ್ತ ಮೇಲೆ. ಅವುಗಳ ಮಾತನ್ನು ಕಣ್ಣಾರೆ ಕಂಡವರ ಮಾತೆಂದು ತಿಳಿಯಬೇಡಿ. ಆ ಕಾಲದ ಕಾಗದಗಳು ಚೆನ್ನೈ ಎಗ್ಮೋರಿನ ತಮಿಳುನಾಡು ಪತ್ರಾಗಾರದಲ್ಲಿವೆ.

ಇನ್ನು ಸಮಾಧಿಕಲ್ಲು. 1838ರಲ್ಲಿ ತೀರಿಕೊಂಡ ಅವನ ಹೆಂಡತಿ ಹೆನ್ರಿಯೆಟ್ಟಾ ಮತ್ತು ಮಗಳು ಊಟಿಯ ಸೇಂಟ್ ಸ್ಟೀಫನ್ಸ್ ಚರ್ಚಿನ ಆವರಣದಲ್ಲಿದ್ದಾರೆ. ಚರ್ಚಿನವರ ಒಪ್ಪಿಗೆ ತೆಗೆದುಕೊಂಡು ಮಳೆ ಇಲ್ಲದ ಜನವರಿ, ಫೆಬ್ರವರಿಯಲ್ಲಿ ಹೋಗಿ. ಬಿಸಿಲು ಕಲ್ಲಿನ ಮೈಗೆ ನೇರವಾಗಿ ಬಿದ್ದರೆ ಸವೆದ ಅಕ್ಷರ ಕಾಣದು. ಇಳಿಬಿಸಿಲಿನಲ್ಲಿ ಬೆಳಕು ಓರೆಯಾಗಿ ಬಿದ್ದಾಗ ಅಕ್ಷರದ ಅಂಚಿಗೆ ನೆರಳು ಹಿಡಿಯುತ್ತದೆ. ಬಿಸಿಲಿಲ್ಲದಿದ್ದರೆ ಟಾರ್ಚನ್ನು ಕಲ್ಲಿನ ಮೈಗೆ ಸಮನಾಗಿ, ಪಕ್ಕದಿಂದ ಹಿಡಿಯಿರಿ. ಚಾಕ್‌ಪೀಸು, ಮೈದಾಹಿಟ್ಟು ತಿಕ್ಕಬೇಡಿ: ಪುಡಿ ಕಲ್ಲಿನ ಸೂಕ್ಷ್ಮ ರಂಧ್ರಕ್ಕೆ ಇಳಿದು ತೇವ ಹಿಡಿದಿಟ್ಟುಕೊಳ್ಳುತ್ತದೆ, ಪಾಚಿಗೆ ಅದೇ ಆಹಾರ. ತಂತಿ ಬ್ರಷ್ ಅಂತೂ ಮುಟ್ಟಲೇಬಾರದು. ಮೆತ್ತನೆ ಬ್ರಷ್, ಬರಿ ನೀರು ಸಾಕು. ಕಲ್ಲಿನ ಮೇಲೆ ಸಾಲು ಎಲ್ಲಿ ಮುರಿದಿದೆಯೋ ನಿಮ್ಮ ಪುಸ್ತಕದಲ್ಲೂ ಅಲ್ಲೇ ಮುರಿಯಿರಿ. ಕಾಣದ ಅಕ್ಷರಕ್ಕೆ ಚುಕ್ಕಿ ಇಡಿ, ಊಹಿಸಿ ತುಂಬಬೇಡಿ. ಹೊರಡುವ ಮುಂಚೆ ಚರ್ಚಿನ ಒಳಗಿನ ತೊಲೆಗಳನ್ನೂ ನೋಡಿ. ಶ್ರೀರಂಗಪಟ್ಟಣದ ಟಿಪ್ಪುವಿನ ಅರಮನೆಯಿಂದ ತಂದ ಮರವೆಂದು ಹೇಳುತ್ತಾರೆ.

ಕೆರೆಯನ್ನು ನಡೆದೇ ನೋಡಿ, ಹಳೆಯ ನಕ್ಷೆ ಕೈಯಲ್ಲಿರಲಿ. ಅವನ ಕಾಲದ ನೀರು ಈಗಿನದಕ್ಕಿಂತ ಬಹಳ ದೂರ ಹರಡಿತ್ತು. ಬಸ್‌ಸ್ಟ್ಯಾಂಡೂ ರೇಸ್‌ಕೋರ್ಸೂ ಎದ್ದದ್ದು ಹಳೆಯ ಕೆರೆಯಂಗಳದಲ್ಲಿ.

ಹಟ್ಟಿಗೆ ಹೋದರೆ ಮೊದಲು ಊರಗೌಡರನ್ನು ಕಾಣಿ. ಬಡಗ ಮಾತು ಕನ್ನಡಕ್ಕೆ ಹತ್ತಿರ, ನಿಧಾನವಾಗಿ ಮಾತಾಡಿದರೆ ಎರಡು ಕಡೆಯೂ ತಿಳಿಯುತ್ತದೆ. ‘ಸಲಿವನ್ ಯಾವಾಗ ಬಂದ?’ ಅಂತ ಕೇಳಿದರೆ ಪಠ್ಯಪುಸ್ತಕದ ಉತ್ತರವೇ ಬರುತ್ತದೆ. ‘ಈ ಹೊಲ ಮೊದಲು ಯಾರದು, ಗೌಡ್ರೇ? ಆಲೂಗಡ್ಡೆ ಬರುವ ಮುಂಚೆ ಇಲ್ಲಿ ಏನು ಬಿತ್ತುತ್ತಿದ್ದರು?’ ಅಂತ ಕೇಳಿ. ರಾಗಿ, ಸಾಮೆಯ ಮಾತು ಬರುತ್ತದೆ, ಅದರ ಹಿಂದೆ ಜಮೀನಿನ ಮಾತು.

ಜಮೀನಿನ ಅಧ್ಯಾಯವೇ ಕಷ್ಟದ್ದು. ತೋಡರೇ ಈ ನೆಲದ ಒಡೆಯರು ಎಂದು ಸರ್ಕಾರದ ಮುಂದೆ ವಾದಿಸಿದವನು ಸಲಿವನ್. ಅವರಿಂದ ಎಕರೆಗೆ 1 ರೂಪಾಯಿಯಂತೆ ನೆಲ ಕೊಂಡನೆಂದು ಹೇಳುವುದೂ ಅವನ ಬಗ್ಗೆಯೇ. ಹೊಗಳುವವರು ಮೊದಲನೆಯದನ್ನು, ತೆಗಳುವವರು ಎರಡನೆಯದನ್ನು ಎತ್ತಿಕೊಳ್ಳುತ್ತಾರೆ. ನೀವು ಎರಡನ್ನೂ ಒಂದೇ ಪ್ಯಾರಾದಲ್ಲಿ, ಪಕ್ಕಪಕ್ಕದಲ್ಲಿ ಇಡಿ. ಬರೆದು ಮುಗಿದ ಮೇಲೆ ಆ ಪ್ಯಾರಾವನ್ನು ಹಟ್ಟಿಯಲ್ಲೂ ಮಂದಿನಲ್ಲೂ ಓದಿ ಹೇಳಿ, ಅವರು ತಿದ್ದಿದ್ದನ್ನು ಅವರ ಮಾತಿನಲ್ಲೇ ಸೇರಿಸಿಕೊಂಡು ಆಮೇಲೆ ಅಚ್ಚಿಗೆ ಕೊಡಿ.